ಕೋರ್ಟಿನ ಕಾಗದ ಮನೆಗೆ ಬಂದಾಗ

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂಬ ಗಾದೆಯನ್ನು ನಮ್ಮ ಹಿರಿಯರು ಸುಮ್ಮನೆ ಕಟ್ಟಿದ್ದಲ್ಲ. ಆದರೆ ಈ ಗಾದೆಯನ್ನೇ ನೆಪವಾಗಿಟ್ಟುಕೊಂಡು, ಬಾಗಿಲಿಗೆ ಬಂದ ಸಮನ್ಸನ್ನು ಕೈಯಿಂದಲೂ ಮುಟ್ಟದೆ ಬೇಲಿಫನನ್ನು ಹಿಂದಕ್ಕೆ ಕಳುಹಿಸುವ ಸಂಸಾರಸ್ಥರಿದ್ದಾರಲ್ಲ, ಅವರ ಗತಿಯನ್ನು ಗಾದೆ ಹೇಳಿಲ್ಲ. ಅವರು ಕಣಕ್ಕೆ ಇಳಿಯದೆಯೇ ಸೋತವರು.

ಬೆಳಗಾವಿಯ ಶಹಾಪುರದಲ್ಲಿ ಸಂಸಾರ ಹೂಡಿರುವ ಒಬ್ಬ ಗೃಹಿಣಿಯನ್ನು ಕಲ್ಪಿಸಿಕೊಳ್ಳೋಣ. ತವರುಮನೆ ಖಾನಾಪುರ ತಾಲೂಕಿನ ನಂದಗಡದ ಆಚೆಗಿನ ಒಂದು ಹಳ್ಳಿ. ತಂದೆ ಕಾಲವಾದ ಮೇಲೆ ಇಬ್ಬರು ತಮ್ಮಂದಿರಿಗೆ ಭತ್ತದ ಗದ್ದೆಯ ವಿಷಯದಲ್ಲಿ ಮನಸ್ತಾಪ ಹುಟ್ಟಿ, ಒಬ್ಬನು ವಾಟಣಿಗಾಗಿ ದಾವೆ ಹೂಡಿದ್ದಾನೆ. ಹಕ್ಕುದಾರಳೆಂದು ಅಕ್ಕನನ್ನೂ ಪ್ರತಿವಾದಿಯನ್ನಾಗಿ ಸೇರಿಸಿದ್ದಾನೆ. ಸಮನ್ಸು ಬಂದ ಸಂಜೆಯೇ ಇನ್ನೊಬ್ಬ ತಮ್ಮನ ಫೋನು: “ಅಕ್ಕಾ, ನೀ ಏನೂ ಚಿಂತಿ ಮಾಡಬ್ಯಾಡ. ಕೋರ್ಟಿಗೆ ಬರೋದೂ ಬ್ಯಾಡ. ಎಲ್ಲಾ ನಾನ ನೋಡಕೋತೇನಿ.”

ಈ ಮಾತಿನಲ್ಲಿ ಪ್ರೀತಿಯೂ ಇದ್ದೀತು, ಲೆಕ್ಕಾಚಾರವೂ ಇದ್ದೀತು. ಯಾವುದು ಎಷ್ಟು ಎಂಬುದನ್ನು ನ್ಯಾಯಾಲಯ ಅಳೆಯಲಾರದು. ಅದು ಅಳೆಯುವುದು ದಿನಗಳನ್ನು ಮಾತ್ರ. ಸಮನ್ಸು ಮುಟ್ಟಿದ ದಿನದಿಂದ 30 ದಿನಗಳೊಳಗೆ ಪ್ರತಿವಾದಿ ತನ್ನ ಲಿಖಿತ ಹೇಳಿಕೆಯನ್ನು, ಹಳಬರ ಮಾತಿನಲ್ಲಿ ಹೇಳುವುದಾದರೆ ಕೈಫಿಯತ್ತನ್ನು, ಸಲ್ಲಿಸತಕ್ಕದ್ದು. ನ್ಯಾಯಾಧೀಶರು ಕಾರಣ ಕಂಡರೆ ಅವಧಿಯನ್ನು 90 ದಿನಗಳವರೆಗೆ ವಿಸ್ತರಿಸಬಹುದು. ಕಾಗದವನ್ನು ನಿರಾಕರಿಸಿದರೂ ಅದು ಮುಟ್ಟಿತೆಂದೇ ನ್ಯಾಯಾಲಯವು ಎಣಿಸುವ ಸಂಭವವಿದೆ. ಕದಕ್ಕೆ ಅಂಟಿಸಿ ಹೋಗುವ ಕ್ರಮವೂ ಉಂಟು. ಹಾಜರಾಗದಿದ್ದರೆ ಏಕಪಕ್ಷೀಯ ವಿಚಾರಣೆ, ಏಕಪಕ್ಷೀಯ ಡಿಕ್ರಿ. ಅದನ್ನು ರದ್ದುಪಡಿಸಲು ಅರ್ಜಿ ಹಾಕುವುದಕ್ಕೂ 30 ದಿನಗಳೇ. ಸಮನ್ಸು ಸರಿಯಾಗಿ ಮುಟ್ಟಿರಲೇ ಇಲ್ಲವೆಂದಾದರೆ ಡಿಕ್ರಿಯ ಸಂಗತಿ ತಿಳಿದ ದಿನದಿಂದ ಎಣಿಕೆ. ಆದರೆ ಆಗ ಅದನ್ನು ಸಿದ್ಧಪಡಿಸುವ ಭಾರ ನಮ್ಮ ತಲೆಯ ಮೇಲೆ ಬೀಳುತ್ತದೆ.

ಆ ಗೃಹಿಣಿ ಕಳೆದುಕೊಳ್ಳಬಹುದಾದದ್ದು ಅಲ್ಪವಲ್ಲ. 1994ರ ಜುಲೈ 30ರಿಂದ ಜಾರಿಗೆ ಬಂದ ಕರ್ನಾಟಕದ ತಿದ್ದುಪಡಿಯು, ಅಂದಿಗೆ ಮದುವೆಯಾಗದಿದ್ದ ಹೆಣ್ಣುಮಕ್ಕಳಿಗೆ ಹಿಂದೂ ಅವಿಭಕ್ತ ಕುಟುಂಬದ ಆಸ್ತಿಯಲ್ಲಿ ಗಂಡುಮಕ್ಕಳೊಡನೆ ಸಮಪಾಲು ಕೊಟ್ಟಿತು. 2005ರ ಸೆಪ್ಟೆಂಬರ್ 9ರಂದು ಬಂದ ಕೇಂದ್ರದ ತಿದ್ದುಪಡಿ ಮದುವೆಯ ಭೇದವನ್ನೂ ತೊಡೆದುಹಾಕಿತು. ಆ ದಿನ ತಂದೆ ಬದುಕಿರಬೇಕಿತ್ತೇ ಎಂಬ ವಾದವು ವರ್ಷಗಟ್ಟಲೆ ನಡೆದು, 2020ರ ಆಗಸ್ಟ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ಹಾಗೇನೂ ಇಲ್ಲ, ಮಗಳ ಹಕ್ಕು ಹುಟ್ಟಿನಿಂದಲೇ ಬಂದದ್ದು ಎಂದು ತೀರ್ಮಾನಿಸಿತು. 2004ರ ಡಿಸೆಂಬರ್ 20ಕ್ಕೆ ಮುಂಚೆಯೇ ಸರಿಯಾಗಿ ಆಗಿಹೋದ ವಾಟಣಿಗಳನ್ನು ಮಾತ್ರ ಕಾಯ್ದೆ ಕೆದಕುವುದಿಲ್ಲ. ಮದುವೆಯಲ್ಲಿ ಬಂಗಾರ ಇಟ್ಟು ಕಳುಹಿಸಿದ್ದೇವಲ್ಲ, ಇನ್ನೇನು ಪಾಲು ಎಂಬ ಪಡಸಾಲೆಯ ನ್ಯಾಯಕ್ಕೆ ಈ ಕಾಯ್ದೆಯಲ್ಲಿ ಎಡೆಯಿಲ್ಲ.

ಇನ್ನು ಯಾವ ಬಾಗಿಲಿಗೆ ಹೋಗಬೇಕು? ಊರ ಹೃದಯದಲ್ಲಿ, ಚನ್ನಮ್ಮ ವೃತ್ತದ ಬಳಿ, ದೊಡ್ಡ ಜಿಲ್ಲಾ ನ್ಯಾಯಾಲಯವೇ ಇರುವಾಗ ಬೆಳಗಾವಿಯವರ ಕಾಲು ಸಹಜವಾಗಿ ಅತ್ತ ಎಳೆಯುತ್ತದೆ. ಆದರೆ ಸ್ಥಿರಾಸ್ತಿಯ ದಾವೆ ಆಸ್ತಿ ಇದ್ದಲ್ಲಿಗೆ ಸೇರಿದ್ದು. ಗದ್ದೆ ಖಾನಾಪುರ ತಾಲೂಕಿನಲ್ಲಿದ್ದರೆ ಖಾನಾಪುರದ ದಿವಾಣಿ ನ್ಯಾಯಾಲಯವೇ ಮೊದಲ ಮೆಟ್ಟಿಲು. ಇದಕ್ಕಿಂತಲೂ ಹೆಚ್ಚಿನ ಗೊಂದಲವೆಂದರೆ ತಹಶೀಲ್ದಾರರ ಕಚೇರಿಯದು. ವಾರಸಾ ಮಾಡಿಸಿ ಉತಾರದಲ್ಲಿ ಹೆಸರು ಏರಿಸಿಕೊಂಡವನು ತಾನೇ ಒಡೆಯನೆಂದು ತಿಳಿಯುತ್ತಾನೆ. ಹೆಸರು ಕಾಣದವಳು ತನ್ನ ಹಕ್ಕು ಮುಗಿಯಿತೆಂದು ಅಳುತ್ತಾಳೆ. ಇಬ್ಬರ ತಿಳಿವಳಿಕೆಯೂ ಅರ್ಧಮರ್ಧ. ಉತಾರವು ಕಂದಾಯದ ದಾಖಲೆ. ಒಡೆತನದ ತಕರಾರನ್ನು ಕೊನೆಗೆ ತೀರಿಸತಕ್ಕದ್ದು ದಿವಾಣಿ ನ್ಯಾಯಾಲಯವೇ.

ವಕೀಲರಿಗೆ ಬೆಳಗಾವಿಯಲ್ಲಿ ಬರವಿಲ್ಲ. 1939ರಲ್ಲಿ ಆರಂಭವಾದ ರಾಜಾ ಲಖಮಗೌಡ ಕಾನೂನು ಕಾಲೇಜು ಈ ಊರಿನದೇ; 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಗಳಾದ ಇ. ಎಸ್. ವೆಂಕಟರಾಮಯ್ಯನವರು ಅಲ್ಲಿಯೂ ಓದಿದವರು. ಕೈಯಲ್ಲಿ ಹಣವಿಲ್ಲವೆಂದು ಹಿಂಜರಿಯುವ ಮಹಿಳೆಯರು ಒಂದು ಸಂಗತಿಯನ್ನು ಮನಸ್ಸಿನಲ್ಲಿಡಬೇಕು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಮಹಿಳೆಗೆ, ಆಕೆಯ ವರಮಾನ ಎಷ್ಟೇ ಇರಲಿ, ಉಚಿತವಾಗಿ ವಕೀಲರ ನೆರವು ದೊರೆಯತಕ್ಕದ್ದು. ಮಕ್ಕಳು, ಪರಿಶಿಷ್ಟ ಜಾತಿ ಪಂಗಡದವರು, ಅಂಗವಿಕಲರು, ಬಂಧನದಲ್ಲಿರುವವರು ಇವರಿಗೂ ಹಾಗೆಯೇ. ಖಾನಾಪುರದಲ್ಲಿ ತಾಲೂಕು ಕಾನೂನು ಸೇವೆಗಳ ಸಮಿತಿಗೆ, ಬೆಳಗಾವಿಯಲ್ಲಿ ಜಿಲ್ಲಾ ಪ್ರಾಧಿಕಾರಕ್ಕೆ ಬಿಳಿಯ ಹಾಳೆಯ ಮೇಲೆ ಅರ್ಜಿ ಬರೆದುಕೊಟ್ಟರೂ ಸಾಕು. ಮನೆಯಿಂದಲೇ ವಿಚಾರಿಸುವವರಿಗೆ 15100 ಎಂಬ ದೂರವಾಣಿ ಸಂಖ್ಯೆ ಇದೆ.

ಕೋರ್ಟಿನ ಕಚೇರಿಯವರನ್ನು ಏನು ಕೇಳಬಹುದು, ಏನು ಕೇಳಬಾರದು ಎಂಬುದೂ ಒಂದು ವಿದ್ಯೆಯೇ. ಮುಂದಿನ ತಾರೀಖು ಯಾವುದು, ಕಡತ ಯಾವ ಹಂತದಲ್ಲಿದೆ, ನಕಲಿಗೆ ಅರ್ಜಿ ಎಲ್ಲಿ ಕೊಡಬೇಕು ಎಂದು ಶಿರಸ್ತೇದಾರರನ್ನು ಧಾರಾಳವಾಗಿ ಕೇಳಬಹುದು. ನಾನು ಗೆಲ್ಲುವೆನೇ ಎಂದು ಕೇಳಿದರೆ ಅವರು ಕನ್ನಡಕ ಸರಿಪಡಿಸಿಕೊಳ್ಳುತ್ತಾರೆ. ನ್ಯಾಯಾಧೀಶರಿಗೆ ಖಾಸಗಿಯಾಗಿ ಪತ್ರ ಬರೆಯುವುದು, ಬೀಗರ ಪರಿಚಯ ಹುಡುಕಿ ಮನೆಗೆ ಹೋಗುವುದು ಸರ್ವಥಾ ಕೂಡದು. ಹೇಳುವುದೆಲ್ಲ ಎದುರುಪಕ್ಷದವರ ಸಮಕ್ಷಮದಲ್ಲಿಯೇ ಆಗಬೇಕು. ತಾರೀಖಿಗಾಗಿ ಈಗ ಪ್ರಯಾಣ ಮಾಡುವ ಕಾರಣವಿಲ್ಲ. ಪ್ರತಿಯೊಂದು ಪ್ರಕರಣಕ್ಕೂ ಸಿ.ಎನ್.ಆರ್. ಎಂಬ 16 ಅಕ್ಷರ-ಅಂಕಿಗಳ ಗುರುತು ಸಂಖ್ಯೆಯಿದೆ. ಅದನ್ನು ಈ-ಕೋರ್ಟ್ಸ್ ಎಂಬ ಸರಕಾರಿ ವ್ಯವಸ್ಥೆಯಲ್ಲಿ ಹಾಕಿದರೆ ಮುಂದಿನ ದಿನವೂ ಹಿಂದಿನ ಆದೇಶಗಳೂ ಮೊಬೈಲಿನಲ್ಲಿಯೇ ಕಾಣುತ್ತವೆ. ಶಹಾಪುರದ ಗೃಹಿಣಿ ಮೊದಲ ದಿನವೇ ಈ ಸಂಖ್ಯೆಯನ್ನು ಬರೆದಿಟ್ಟುಕೊಂಡರೆ, “ಏನೂ ಆಗಿಲ್ಲಕ್ಕಾ, ಮುಂದಕ್ಕ ಹಾಕ್ಯಾರ” ಎಂಬ ತಮ್ಮನ ವರದಿಯನ್ನು ತಾಳೆ ನೋಡಲು ಅನುಕೂಲ.

ಹಾಜರಾಗಲೇಬೇಕಾದ ದಿನಗಳಲ್ಲಿ ಬೆಳಗಾವಿಯಿಂದ ಖಾನಾಪುರ ಸುಮಾರು 26 ಕಿಲೋಮೀಟರು. ದೇಸೂರು, ಇದಲಹೊಂಡ ದಾಟಿದರೆ ರೈಲಿನಲ್ಲೂ ಬಂದೇಬಿಟ್ಟಿತು. ಕಷ್ಟವೆಲ್ಲ ಒಳನಾಡಿನವರದು. ಕಣಕುಂಬಿಯ ಕಡೆಯಿಂದಲೋ ಭೀಮಗಡದ ಕಾಡಿನ ಹಳ್ಳಿಗಳಿಂದಲೋ ಆಷಾಢದ ಮಳೆಯಲ್ಲಿ ಹಳ್ಳ ದಾಟಿ ಬರುವ ಮುದುಕನಿಗೆ ಪಟ್ಟೇವಾಲನ ಪುಕಾರು ತನ್ನ ಕೊಡೆಗಾಗಿ ಕಾಯುವುದಿಲ್ಲ. ಅಂಥವರು ಮುಂದಾಗಿಯೇ ವಕೀಲರಿಗೆ ತಿಳಿಸಿ, ಗೈರುಹಾಜರಿಗೆ ಕಾರಣ ತೋರಿಸಿ ಅರ್ಜಿ ಹಾಕಿಸಬೇಕು.

ಕಾಗದಪತ್ರಗಳ ವಿಷಯದಲ್ಲಿ ಖಾನಾಪುರ ತಾಲೂಕಿಗೆ ಬಹು ಹಳೆಯ ಕೀರ್ತಿಯಿದೆ. ಕದಂಬರ ಕಾಕುಸ್ಥವರ್ಮನು ಸೇನಾಪತಿ ಶ್ರುತಕೀರ್ತಿಗೆ ಭೂಮಿ ಕೊಟ್ಟ ಐದನೆಯ ಶತಮಾನದ ತಾಮ್ರಪಟ ದೊರೆತದ್ದು ಇದೇ ತಾಲೂಕಿನ ಹಲಸಿಯಲ್ಲಿ. ಒಂದೂವರೆ ಸಾವಿರ ವರ್ಷ ಆ ದಾಖಲೆ ಉಳಿಯಿತು. ನಮ್ಮ ತಂದೆಯ ಕಾಲದ ಖರೀದಿಪತ್ರವಾದರೋ ಗೆದ್ದಲಿಗೆ ಆಹಾರವಾಗಿರುತ್ತದೆ. ಹಳೆಯ ಮುಂಬಯಿ ಪ್ರಾಂತದ ಈ ಭಾಗದಲ್ಲಿ ಇನ್ನೊಂದು ತೊಡಕು: ಅಜ್ಜನ ಕಾಲದ ಪತ್ರಗಳು ಎಷ್ಟೋ ವೇಳೆ ಮೋಡಿ ಲಿಪಿಯಲ್ಲಿವೆ. ಅದನ್ನು ಓದಬಲ್ಲವರು ವಿರಳ. ವಿಚಾರಣೆಯ ಹಿಂದಿನ ದಿನ ಹುಡುಕಿದರೆ ಸಿಗಲಾರರು. ಇದಕ್ಕಿಂತ ಮುಖ್ಯವಾದ ಎಚ್ಚರ ಹೊಸ ಕಾಗದಗಳ ಬಗ್ಗೆ. ಹಬ್ಬಕ್ಕೆ ತವರಿಗೆ ಹೋದಾಗ, ಊಟವಾದ ಮೇಲೆ, “ಇಲ್ಲೊಂದು ಸಹಿ ಮಾಡವ್ವಾ” ಎಂದು ಮುಂದೆ ಚಾಚುವ ಹಾಳೆ ಹಕ್ಕುಬಿಡುಗಡೆ ಪತ್ರವಾಗಿರಬಹುದು. ಓದದೆ ಸಹಿ ಮಾಡಬಾರದು. ಮನಸ್ಸಿಲ್ಲದಿದ್ದರೆ ಉಪನೋಂದಣಾಧಿಕಾರಿಯ ಕಚೇರಿಯ ಮೆಟ್ಟಿಲನ್ನೂ ಹತ್ತಬಾರದು.

ಹಾಗೆಂದು ಒಡಹುಟ್ಟಿದವರೊಡನೆ ಕಡೆಯವರೆಗೂ ಕಾದಾಡಲೇಬೇಕೆಂದಿಲ್ಲ. ಲೋಕ ಅದಾಲತಿನಲ್ಲಿ ರಾಜಿಯಾದರೆ ಕಟ್ಟಿದ ನ್ಯಾಯಾಲಯ ಶುಲ್ಕ ಮರಳುತ್ತದೆ. ಅಲ್ಲಿಯ ತೀರ್ಪಿಗೆ ಡಿಕ್ರಿಯಷ್ಟೇ ಬಲ, ಅದರ ಮೇಲೆ ಮೇಲ್ಮನವಿಯಿಲ್ಲ. ಮೇಲ್ಮನವಿಯಿಲ್ಲ ಎಂಬುದರಿಂದಲೇ, ಸಹಿ ಹಾಕುವ ಮುನ್ನ ಯಾವ ಸರ್ವೆ ನಂಬರಿನಲ್ಲಿ ಎಷ್ಟು ಗುಂಟೆ, ದಾರಿ ಯಾವ ಕಡೆಯಿಂದ, ಬಾವಿ ಯಾರದು ಎಂಬುದನ್ನೆಲ್ಲ ಬರೆಸಿಕೊಳ್ಳಬೇಕು. ದಾರಿಯನ್ನು ಮರೆತ ರಾಜಿ ಮರುವರ್ಷದ ದಾವೆಗೆ ಬೀಜ.

ಸೋತವರಿಗೆ ಮೇಲ್ಮನವಿ ಉಂಟು. ಆಸ್ತಿಯ ಬೆಲೆ ನೋಡಿ ಅದು ಯಾವ ನ್ಯಾಯಾಲಯಕ್ಕೆ ಎಂಬುದು ನಿರ್ಧಾರವಾಗುತ್ತದೆ: ಉಚ್ಚ ನ್ಯಾಯಾಲಯಕ್ಕಾದರೆ 90 ದಿನ, ಕೆಳಗಿನದಕ್ಕಾದರೆ 30 ದಿನ. ತೀರ್ಪಿನ ನಕಲಿಗೆ ತಡಮಾಡದೆ ಅರ್ಜಿ ಹಾಕಿದರೆ, ನಕಲು ಸಿದ್ಧವಾಗಲು ಹಿಡಿದ ದಿನಗಳನ್ನು ಈ ಅವಧಿಯಲ್ಲಿ ಲೆಕ್ಕ ಹಿಡಿಯುವುದಿಲ್ಲ. ಉಚ್ಚ ನ್ಯಾಯಾಲಯವೆಂದರೆ ಈ ಸೀಮೆಯ ಒಂದೇ ಮನೆತನದ ಮೂರು ತಲೆಮಾರು ಮೂರು ದಿಕ್ಕು ಕಂಡಿದೆ. 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಅಜ್ಜ ಮುಂಬಯಿಗೆ ಹೋದ. ಆಮೇಲೆ ತಂದೆ 500 ಕಿಲೋಮೀಟರು ದೂರದ ಬೆಂಗಳೂರಿನ ರಾತ್ರಿಬಸ್ಸು ಹಿಡಿದ. 2008ರಲ್ಲಿ ಸಂಚಾರಿ ಪೀಠವಾಗಿ ಬಂದು 2013ರಲ್ಲಿ ಕಾಯಂ ಆದ ಧಾರವಾಡದ ಪೀಠಕ್ಕೆ ಮೊಮ್ಮಗಳು ಬೆಳಿಗ್ಗೆ ಹೊರಟು ಸಂಜೆಗೆ ಮನೆ ಸೇರುತ್ತಾಳೆ.

ಇನ್ನು ಗೆದ್ದವರ ಪಾಡು. ವಾಟಣಿಯ ದಾವೆಯಲ್ಲಿ ಮೊದಲು ಬರುವುದು ಪ್ರಾಥಮಿಕ ಡಿಕ್ರಿ. ಯಾರಿಗೆ ಎಷ್ಟು ಪಾಲು ಎಂದು ಅದು ಹೇಳುತ್ತದೆ. ಬದುವು ಎಲ್ಲಿ ಎಂದು ಹೇಳುವುದಿಲ್ಲ. ಅಂತಿಮ ಡಿಕ್ರಿಗೆ ಬೇರೆ ಅರ್ಜಿ ಹಾಕಬೇಕೆಂಬುದು ತಿಳಿಯದೆ ಎಷ್ಟೋ ಕುಟುಂಬಗಳು ಗೆದ್ದ ಕಾಗದವನ್ನು ಟ್ರಂಕಿನಲ್ಲಿಟ್ಟು ವರ್ಷಗಳನ್ನು ಕಳೆದಿವೆ. ಬೇರೆ ಅರ್ಜಿಗಾಗಿ ಕಾಯದೆ ಕೆಳಗಿನ ನ್ಯಾಯಾಲಯಗಳೇ ಪ್ರಕರಣವನ್ನು ಮುಂದುವರಿಸಬೇಕೆಂದು ಸರ್ವೋಚ್ಚ ನ್ಯಾಯಾಲಯ 2022ರಲ್ಲಿ ಹೇಳಿತು. ಹಾಗಿದ್ದರೂ ನಮ್ಮ ವಕೀಲರಿಗೆ ನೆನಪು ಮಾಡುವುದರಲ್ಲಿ ನಷ್ಟವಿಲ್ಲ. ಕಂದಾಯದ ಜಮೀನಾದರೆ ಪಾಲು ಅಳೆದು ಬೇರ್ಪಡಿಸುವ ಕೆಲಸ ಜಿಲ್ಲಾಧಿಕಾರಿಗಳ ಮೂಲಕ ತಾಲೂಕು ಕಚೇರಿಗೆ ಹೋಗುತ್ತದೆ. ಸರ್ವೇಯರು ಗದ್ದೆಗೆ ಬರುತ್ತಾನೆ. ಆ ದಿನ ಅಕ್ಕ ಅಲ್ಲಿ ನಿಂತಿರಬೇಕು, ಜೊತೆಗೆ ತನ್ನ ಗುರುತಿನ ಕಾಗದಗಳಿರಬೇಕು. ಈ ಭಾಗದ ಎಷ್ಟೋ ಮನೆಗಳಲ್ಲಿ ಮದುವೆಯ ದಿನ ಹೆಣ್ಣಿಗೆ ಹೊಸ ಹೆಸರಿಡುವ ಪದ್ಧತಿ ಇದೆಯಷ್ಟೆ. ಶಾಲೆಯ ದಾಖಲೆಯಲ್ಲಿ ಒಂದು ಹೆಸರು, ಆಧಾರ್ ಚೀಟಿಯಲ್ಲಿ ಇನ್ನೊಂದು, ಡಿಕ್ರಿಯಲ್ಲಿ ಮೂರನೆಯದೊಂದು ಕಾಗುಣಿತ. ಇವೆಲ್ಲ ಒಬ್ಬಳೇ ಎಂದು ದಾವೆಯ ಆರಂಭದಲ್ಲಿಯೇ ತವರಿನ ಹೆಸರನ್ನೂ ಗಂಡನ ಮನೆಯ ಹೆಸರನ್ನೂ ಕೂಡಿಸಿ ಬರೆಯಿಸಿದ್ದರೆ, ಹೊಸ ಉತಾರ ಕೈಗೆ ಬಂದ ದಿನ ತಿದ್ದುಪಡಿಗಾಗಿ ಮತ್ತೆ ಮೊದಲಿನ ಸಾಲಿನಲ್ಲಿ ಹೋಗಿ ನಿಲ್ಲುವ ಪ್ರಸಂಗ ಬರಲಾರದು.