ಎರಡು ಲೀಗ್, ಎರಡು ಸೇರು

ಇಟಾಸ್ಕಾ ಎಂಬುದು ಚಿಕಾಗೋ ನಗರದ ವಾಯವ್ಯಕ್ಕೆ ಸುಮಾರು 20 ಮೈಲಿ ದೂರದಲ್ಲಿರುವ ಸಣ್ಣ ಊರು. ಅಲ್ಲಿಂದ ಮೆಟ್ರಾ ರೈಲಿನಲ್ಲಿ ನಗರಕ್ಕೆ ಬಂದು 'ರೆಡ್ ಲೈನ್' ಹಿಡಿದರೆ ಉತ್ತರದಲ್ಲಿ ಕಬ್ಸ್ ತಂಡದ ರಿಗ್ಲಿ ಫೀಲ್ಡ್ ಸಿಗುತ್ತದೆ, ದಕ್ಷಿಣದಲ್ಲಿ ವೈಟ್ ಸಾಕ್ಸ್ ತಂಡದ ಮೈದಾನ. ಒಂದೇ ಊರು, ಒಂದೇ ರೈಲು ಮಾರ್ಗ, ಎರಡು ಬೇಸ್‌ಬಾಲ್ ತಂಡ. ಆದರೂ 1901ರಿಂದ 1996ರವರೆಗೆ ಇವೆರಡೂ ಅಧಿಕೃತ ಲೆಕ್ಕಕ್ಕೆ ಸೇರುವ ಪಂದ್ಯಗಳಲ್ಲಿ ಎದುರಾದದ್ದು ಒಂದೇ ವರ್ಷ, 1906ರಲ್ಲಿ. ನಡುವೆ ಪ್ರದರ್ಶನ ಪಂದ್ಯಗಳು ನಡೆದವು, ಊರೊಳಗಿನ ಪ್ರತಿಷ್ಠೆಗಾಗಿ ಸರಣಿಗಳೂ ನಡೆದವು. ಅವು ಯಾವುವೂ ಅಂಕಪಟ್ಟಿಗೆ ಸೇರಲಿಲ್ಲ.

ಕಬ್ಸ್ ತಂಡ ನ್ಯಾಷನಲ್ ಲೀಗಿನದು, ಅದು 1876ರಲ್ಲಿ ಶುರುವಾದದ್ದು. ವೈಟ್ ಸಾಕ್ಸ್ ಮತ್ತು ಡೆಟ್ರಾಯ್ಟ್ ಟೈಗರ್ಸ್ ಅಮೆರಿಕನ್ ಲೀಗಿನ ತಂಡಗಳು. ಅಮೆರಿಕನ್ ಲೀಗ್ 'ಮೇಜರ್' ಎಂದು ಘೋಷಿಸಿಕೊಂಡ ಮೇಲಿನ ಮೊದಲ ಪಂದ್ಯ 1901ರ ಏಪ್ರಿಲ್ 24ರಂದು ನಡೆದದ್ದು ಚಿಕಾಗೋದಲ್ಲೇ. ಶುರುವಿನಲ್ಲಿ ಎರಡೂ ಲೀಗುಗಳದು ಹಾವು ಮುಂಗುಸಿ ಸಂಬಂಧ. 1903ರಲ್ಲಿ ರಾಜಿಯಾದ ಮೇಲೂ ಒಪ್ಪಿಕೊಂಡದ್ದು ಇಷ್ಟೇ: ವರ್ಷವಿಡೀ ಅವರವರ ಲೀಗಿನಲ್ಲಿ ಅವರವರು ಆಡಿಕೊಳ್ಳುವುದು, ಕೊನೆಗೆ ಎರಡು ಲೀಗುಗಳ ಚಾಂಪಿಯನ್ನರು ವರ್ಲ್ಡ್ ಸೀರೀಸ್ ಆಡುವುದು.

1906ರಲ್ಲಿ ಕಬ್ಸ್ 116 ಪಂದ್ಯ ಗೆದ್ದು 36 ಸೋತಿತ್ತು. ವೈಟ್ ಸಾಕ್ಸ್ ಗೆದ್ದದ್ದು 93, ಸೋತದ್ದು 58. ಬ್ಯಾಟಿಂಗ್ ಸರಾಸರಿಯಲ್ಲಿ (ಹಿಟ್‌ಗಳನ್ನು ಬ್ಯಾಟಿಂಗ್ ಸರದಿಗಳಿಂದ ಭಾಗಿಸಿದ್ದು) ವೈಟ್ ಸಾಕ್ಸ್ ತನ್ನ ಲೀಗಿಗೇ ಕಡೆಯ ತಂಡ, 0.230. ವರ್ಲ್ಡ್ ಸೀರೀಸನ್ನು ಅದೇ ವೈಟ್ ಸಾಕ್ಸ್ 4–2ರಿಂದ ಗೆದ್ದುಕೊಂಡಿತು. ಅದು ಎಷ್ಟು ದೊಡ್ಡ ಅಚ್ಚರಿ ಎಂದು ಅಂಕಿಗಳಲ್ಲಿ ಹೇಳಬಹುದೇ?

ಬೇಸ್‌ಬಾಲ್ ಅಂಕಿಅಂಶಗಳ ಹಿರಿಯ ಬಿಲ್ ಜೇಮ್ಸ್ ಕೊಟ್ಟ ಸರಳ ದಾರಿಯೊಂದಿದೆ. ಪ್ರತಿ ತಂಡದ ಗೆಲುವನ್ನು ಸೋಲಿನಿಂದ ಭಾಗಿಸಿ. ಕಬ್ಸ್‌ಗೆ 3.22 ಬರುತ್ತದೆ, ವೈಟ್ ಸಾಕ್ಸ್‌ಗೆ 1.60. ಮೊದಲನೆಯದು ಎರಡನೆಯದರ ಸುಮಾರು ಎರಡರಷ್ಟು. ಅಂದರೆ ಇವರಿಬ್ಬರು ಆಡುವ ಮೂರು ಪಂದ್ಯಗಳಲ್ಲಿ ಎರಡು ಕಬ್ಸ್ ಪಾಲಿಗೆ ಹೋಗಬೇಕು. ಏಳು ಪಂದ್ಯಗಳ ಸರಣಿಗೆ ಇದನ್ನೇ ವಿಸ್ತರಿಸಿದರೆ ಕಬ್ಸ್ ಗೆಲ್ಲುವ ಸಾಧ್ಯತೆ ಸುಮಾರು ಶೇ 83, ವೈಟ್ ಸಾಕ್ಸ್‌ಗೆ ಉಳಿಯುವುದು ಶೇ 17. ಆರರಲ್ಲಿ ಒಂದು ಸಲ ನಡೆಯುವಂಥದ್ದು. ಅಪರೂಪ ಹೌದು, ಪವಾಡವಲ್ಲ.

ಈ ಲೆಕ್ಕದೊಳಗೆ ಒಂದು ಊಹೆ ಸದ್ದಿಲ್ಲದೆ ಕೂತಿದೆ. ಎರಡೂ ಲೀಗುಗಳ ಸರಾಸರಿ ತಂಡದ ಬಲ ಒಂದೇ ಎಂದು ನಾವು ಹಿಡಿದುಕೊಂಡಿದ್ದೇವೆ. ಹಿಂದೆ ಒಂದು ಸೀಮೆಯ ಸೇರಿಗೂ ಇನ್ನೊಂದು ಸೀಮೆಯ ಸೇರಿಗೂ ಅಳತೆ ಬೇರೆ ಇರುತ್ತಿತ್ತು. ಇಲ್ಲಿಯ ಹತ್ತು ಸೇರು ಅಲ್ಲಿಯ ಎಂಟು ಸೇರಿಗಿಂತ ಹೆಚ್ಚೇ ಎಂಬುದು ಎರಡನ್ನೂ ಒಂದೆಡೆ ಅಳೆದು ನೋಡುವ ತನಕ ತಿಳಿಯುತ್ತಿರಲಿಲ್ಲ. 116 ಗೆಲುವು ನ್ಯಾಷನಲ್ ಲೀಗಿನ ಸೇರಿನಲ್ಲಿ ಅಳೆದದ್ದು, 93 ಅಮೆರಿಕನ್ ಲೀಗಿನ ಸೇರಿನಲ್ಲಿ.

ಇದನ್ನು ಗಣಿತದ ಭಾಷೆಗೆ ತಂದವರಲ್ಲಿ ಮೊದಲಿಗರು ಜರ್ಮನಿಯ ಅರ್ನ್‌ಸ್ಟ್ ತ್ಸೆರ್ಮೆಲೊ. ಚೆಸ್ ಪಂದ್ಯಾವಳಿಗಳನ್ನು ಮುಂದಿಟ್ಟುಕೊಂಡು ಅವರು 1929ರಲ್ಲಿ ಬರೆದರು. 1952ರಲ್ಲಿ ಬ್ರಾಡ್ಲಿ ಮತ್ತು ಟೆರ್ರಿ ಎಂಬ ಸಂಖ್ಯಾಶಾಸ್ತ್ರಜ್ಞರು ಅದೇ ಮಾದರಿಯನ್ನು ಮತ್ತೆ ಕಂಡುಕೊಂಡರು. ಪ್ರತಿ ತಂಡಕ್ಕೂ ಒಂದು 'ಬಲ'ದ ಸಂಖ್ಯೆ ಕೊಡಿ. ಎರಡು ತಂಡಗಳ ಬಲದ ಅನುಪಾತವೇ ಗೆಲುವು ಸೋಲಿನ ಅನುಪಾತ. ಈಗ ಒಂದು ಲೀಗಿನ ಎಲ್ಲ ತಂಡಗಳ ಬಲವನ್ನೂ ಹತ್ತರಿಂದ ಗುಣಿಸಿ ನೋಡಿ. ಆ ಲೀಗಿನೊಳಗಿನ ಒಂದು ಪಂದ್ಯದ ಭವಿಷ್ಯವೂ ಬದಲಾಗುವುದಿಲ್ಲ. ಎರಡು ಲೀಗುಗಳು ಪರಸ್ಪರ ಆಡದೇ ಇದ್ದರೆ, ಒಂದು ಲೀಗ್ ಇನ್ನೊಂದಕ್ಕಿಂತ ಹತ್ತು ಪಟ್ಟು ಬಲಶಾಲಿಯೋ ಅಥವಾ ಎರಡೂ ಸಮವೋ ಎಂದು ಸಾವಿರಾರು ಪಂದ್ಯಗಳ ಫಲಿತಾಂಶ ಕೂಡಿಸಿದರೂ ಹೇಳಲಾಗದು. ಚೆಸ್ ಆಟಗಾರರಿಗೆ ಇಂದು ಕೊಡುವ ಎಲೊ ರೇಟಿಂಗ್‌ಗೂ ಇದೇ ಕಟ್ಟುಪಾಡು. ಅದನ್ನು ರೂಪಿಸಿದ ಅರ್ಪಾಡ್ ಎಲೊ ಚಿಕಾಗೋ ವಿಶ್ವವಿದ್ಯಾಲಯದಲ್ಲಿ ಓದಿ, ಹತ್ತಿರದ ಮಿಲ್ವಾಕಿಯಲ್ಲಿ ಭೌತಶಾಸ್ತ್ರ ಕಲಿಸುತ್ತಿದ್ದವರು.

ನಮ್ಮ ರಣಜಿ ಟ್ರೋಫಿಯನ್ನೇ ನೋಡಿ. ಎಲೈಟ್ ತಂಡಗಳು ಎಂಟೆಂಟರ ನಾಲ್ಕು ಗುಂಪುಗಳಾಗಿ ಆಡುವಾಗ ಕ್ವಾರ್ಟರ್‌ಫೈನಲ್‌ವರೆಗೆ ಯಾರೂ ತಮ್ಮ ಗುಂಪಿನಾಚೆ ಆಡುವುದಿಲ್ಲ. ಕರ್ನಾಟಕದ ಗುಂಪು ಕಠಿಣವೇ, ಮುಂಬೈನ ಗುಂಪು ಕಠಿಣವೇ ಎಂಬ ಚರ್ಚೆಗೆ ಆ ಹಂತದಲ್ಲಿ ಗಣಿತ ಉತ್ತರ ಕೊಡಲಾರದು.

ಲೀಗ್ ದಾಟಿ ಆಡುವ 'ಇಂಟರ್‌ಲೀಗ್' ಪಂದ್ಯಗಳ ಯೋಚನೆಗೆ ಚಿಕಾಗೋ, ಡೆಟ್ರಾಯ್ಟ್ ಎರಡರ ನಂಟೂ ಇದೆ. 1933ರಲ್ಲಿ ಕಬ್ಸ್ ಅಧ್ಯಕ್ಷರಾಗಿದ್ದ ವಿಲಿಯಂ ವೆಕ್ ಇದನ್ನು ಮುಂದಿಟ್ಟರು. 1956ರಲ್ಲಿ ಮತ್ತೆ ಎತ್ತಿದವರು ಹ್ಯಾಂಕ್ ಗ್ರೀನ್‌ಬರ್ಗ್; ಆಗ ಅವರು ಕ್ಲೀವ್‌ಲ್ಯಾಂಡ್ ತಂಡದ ಆಡಳಿತದಲ್ಲಿದ್ದರು, ಅದಕ್ಕೆ ಮೊದಲು ಡೆಟ್ರಾಯ್ಟ್ ಟೈಗರ್ಸ್‌ನ ಮಹಾ ಬ್ಯಾಟರ್. 1945ರ ವರ್ಲ್ಡ್ ಸೀರೀಸ್‌ನಲ್ಲಿ ಟೈಗರ್ಸ್ ಕಬ್ಸನ್ನು ಸೋಲಿಸಿದಾಗ ಅವರೂ ಆಡಿದ್ದರು. ಎರಡೂ ಪ್ರಸ್ತಾಪ ಮೂಲೆಗೆ ಸೇರಿದವು. ಕೊನೆಗೆ ದಾರಿ ಮಾಡಿದ್ದು ಮುಷ್ಕರ. 1994ರಲ್ಲಿ ಆಟಗಾರರ ಮುಷ್ಕರದಿಂದ ವರ್ಲ್ಡ್ ಸೀರೀಸೇ ರದ್ದಾಗಿ, ಮುನಿಸಿಕೊಂಡ ಪ್ರೇಕ್ಷಕರನ್ನು ಮರಳಿ ಕರೆಯಲು ಏನಾದರೂ ಬೇಕಾಗಿತ್ತು. 1997ರ ಜೂನ್ 12ರಂದು ಟೆಕ್ಸಸ್‌ನ ಆರ್ಲಿಂಗ್ಟನ್‌ನಲ್ಲಿ ಮೊದಲ ಇಂಟರ್‌ಲೀಗ್ ಪಂದ್ಯ ನಡೆಯಿತು. ಅದೇ ತಿಂಗಳು ಕಬ್ಸ್ ಮತ್ತು ವೈಟ್ ಸಾಕ್ಸ್ 1906ರ ನಂತರ ಮೊದಲ ಸಲ ಲೆಕ್ಕಕ್ಕೆ ಬರುವ ಪಂದ್ಯ ಆಡಿದವು. ವರ್ಲ್ಡ್ ಸೀರೀಸ್‌ನ ನಿಗೂಢತೆ ಹಾಳಾಯಿತೆಂದು ಹಳಬರು ಗೊಣಗಿದರು, ಈಗಲೂ ಗೊಣಗುತ್ತಾರೆ. ಅಳತೆಯೇ ಇಲ್ಲದ ನಿಗೂಢತೆಗಿಂತ ಅಳತೆಯಿದ್ದೂ ಉಳಿಯುವ ಅಚ್ಚರಿ ದೊಡ್ಡದು ಎಂಬುದು ನನ್ನ ಅಭಿಪ್ರಾಯ.

ವೇಳಾಪಟ್ಟಿಯ ಲೆಕ್ಕ ಇನ್ನೂ ಸೊಗಸು. ಹಿಂದೆ ಪ್ರತಿ ಲೀಗಿನಲ್ಲಿ ಎಂಟು ತಂಡ. ಏಳು ಎದುರಾಳಿಗಳೊಡನೆ 22ರಂತೆ 154 ಪಂದ್ಯ. 1961ರಲ್ಲಿ ಅಮೆರಿಕನ್ ಲೀಗಿಗೆ ಹತ್ತು ತಂಡಗಳಾದಾಗ ಒಂಬತ್ತು ಎದುರಾಳಿಗಳೊಡನೆ 18ರಂತೆ 162. ಇಂದಿಗೂ ಸೀಸನ್ ಎಂದರೆ 162 ಪಂದ್ಯ. ಲೆಕ್ಕ ಮರೆತುಹೋಗಿ ಸಂಖ್ಯೆ ಮಾತ್ರ ಉಳಿದಿದೆ.

1998ರಲ್ಲಿ ಎರಡು ಹೊಸ ತಂಡ ಸೇರಿ ಒಟ್ಟು 30 ಆಯಿತು. ಹದಿನೈದು ಹದಿನೈದು ಹಂಚಿಕೊಂಡರೆ ನ್ಯಾಯ ಎನಿಸುತ್ತದೆ. ಹಾಗೆ ಮಾಡಲಿಲ್ಲ. ಮಿಲ್ವಾಕಿ ಬ್ರೂವರ್ಸ್ ತಂಡವನ್ನು ಅಮೆರಿಕನ್ ಲೀಗಿನಿಂದ ನ್ಯಾಷನಲ್ ಲೀಗಿಗೆ ಕಳಿಸಿ 14 ಮತ್ತು 16 ಮಾಡಿಕೊಂಡರು. ಕಾರಣ, 15 ಬೆಸ ಸಂಖ್ಯೆ. ಹದಿನೈದು ತಂಡಗಳು ಜೋಡಿಯಾದರೆ ಒಂದು ಒಂಟಿಯಾಗಿ ಉಳಿಯುತ್ತದೆ. ಎಲ್ಲರೂ ಆಡುವ ದಿನ ಎರಡೂ ಲೀಗಿನ ಒಂಟಿಗಳು ಪರಸ್ಪರ ಆಡದೆ ಗತಿಯಿಲ್ಲ. ಅಂದರೆ ಇಂಟರ್‌ಲೀಗ್ ಪಂದ್ಯ ಸೀಸನ್ನಿನ ಉದ್ದಕ್ಕೂ ಇರಬೇಕಾಗುತ್ತದೆ. ಅದಕ್ಕೆ ಮನಸ್ಸಾದದ್ದು 2013ರಲ್ಲಿ, ಹ್ಯೂಸ್ಟನ್ ಆಸ್ಟ್ರೋಸ್ ತಂಡ ಅಮೆರಿಕನ್ ಲೀಗಿಗೆ ಬಂದು 15–15 ಆದಾಗ.

ಬೆಸ ಸಂಖ್ಯೆ ಇನ್ನೊಂದು ಕಡೆಯೂ ಕೈ ಕಟ್ಟುತ್ತದೆ. ಒಂದು ಲೀಗಿನೊಳಗೆ ಪ್ರತಿ ತಂಡವೂ ಆಡುವ ಪಂದ್ಯಗಳನ್ನು ಕೂಡಿಸಿದರೆ ಪ್ರತಿ ಪಂದ್ಯವೂ ಎರಡು ಸಲ ಎಣಿಕೆಯಾಗಿರುತ್ತದೆ, ಆದ್ದರಿಂದ ಮೊತ್ತ ಸಮಸಂಖ್ಯೆಯೇ ಆಗಬೇಕು. 1736ರಲ್ಲಿ ಕೋನಿಗ್ಸ್‌ಬರ್ಗ್ ಸೇತುವೆಗಳ ಒಗಟು ಬಿಡಿಸುವಾಗ ಆಯ್ಲರ್ ಬಳಸಿದ ತರ್ಕ ಇದೇ. 15ನ್ನು ಬೆಸ ಸಂಖ್ಯೆಯಿಂದ ಗುಣಿಸಿದರೆ ಬರುವುದೂ ಬೆಸ. ಹಾಗಾಗಿ ಲೀಗಿನೊಳಗಿನ ಪಂದ್ಯಗಳ ಸಂಖ್ಯೆ ಸಮವಿರಲೇಬೇಕು. 162 ಸಮವಾದ್ದರಿಂದ ಇಂಟರ್‌ಲೀಗ್ ಪಂದ್ಯಗಳೂ ಸಮವಿರಬೇಕು. ತಾಳೆ ನೋಡಿ: 2013ರ ವ್ಯವಸ್ಥೆಯಲ್ಲಿ ಪ್ರತಿ ತಂಡಕ್ಕೆ 20, 2023ರಲ್ಲಿ 46, 2025ರಲ್ಲಿ 48. ಯಾವ ಕಮಿಷನರ್ ಬಂದರೂ ಎಲ್ಲ ತಂಡಕ್ಕೂ ಸಮನಾಗಿ 47 ಮಾಡಲಾರ.

ಈಗಿನ ಹಂಚಿಕೆ ಹೀಗಿದೆ. ಪ್ರತಿ ತಂಡಕ್ಕೂ ತನ್ನ ಡಿವಿಷನ್ನಿನ, ಅಂದರೆ ಲೀಗಿನೊಳಗಿನ ಐದು ತಂಡಗಳ ಗುಂಪಿನ, ಉಳಿದ ನಾಲ್ಕು ತಂಡಗಳೊಡನೆ 13ರಂತೆ 52. ಲೀಗಿನ ಉಳಿದ ಹತ್ತು ತಂಡಗಳೊಡನೆ ಆರು ಅಥವಾ ಏಳರಂತೆ 62. ಆಚೆ ಲೀಗಿನ 14 ತಂಡಗಳೊಡನೆ ಮೂರರಂತೆ 42, ನೆರೆಯ ಎದುರಾಳಿ ಒಂದರೊಡನೆ ಆರು. ಕಬ್ಸ್‌ಗೆ ಆ ನೆರೆ ವೈಟ್ ಸಾಕ್ಸ್. ಈಗ ಒಟ್ಟು 2,430 ಪಂದ್ಯಗಳಾಗುವ ಸೀಸನ್ನಿನ ವೇಳಾಪಟ್ಟಿಯನ್ನು ಹಿಂದೆ ಎರಡು ದಶಕಕ್ಕೂ ಹೆಚ್ಚು ಕಾಲ ಸಿದ್ಧಪಡಿಸಿದವರು ಹೆನ್ರಿ ಮತ್ತು ಹಾಲಿ ಸ್ಟೀಫನ್ಸನ್ ಎಂಬ ದಂಪತಿ. ಆಮೇಲೆ ಆ ಕೆಲಸ ಜಾರ್ಜ್ ನೆಮ್‌ಹೌಸರ್, ಮೈಕಲ್ ಟ್ರಿಕ್ ಮುಂತಾದ ಗಣಿತಜ್ಞರ ಗುಂಪಿಗೆ ಹೋಯಿತು. ಪ್ರಯಾಣದ ದೂರ ಕಡಿಮೆಯಿರಬೇಕು, ಒಂದೇ ಊರಿನ ಎರಡು ತಂಡ ಒಂದೇ ದಿನ ತವರಿನಲ್ಲಿ ಆಡದಿದ್ದರೆ ಒಳ್ಳೆಯದು ಎಂಬಂಥ ಷರತ್ತುಗಳನ್ನು ಹೇರಿದ ಕೂಡಲೇ ಇದು ಕಂಪ್ಯೂಟರಿಗೂ ಬೆವರಿಳಿಸುವ ಸಮಸ್ಯೆಯಾಗುತ್ತದೆ.

ಡಿವಿಷನ್ನಿನೊಳಗಿನ ಆ 13 ಪಂದ್ಯ ಚಿಕ್ಕ ವಿಷಯವಲ್ಲ. 2024ರಲ್ಲಿ ವೈಟ್ ಸಾಕ್ಸ್ 121 ಪಂದ್ಯ ಸೋತು ಆಧುನಿಕ ಬೇಸ್‌ಬಾಲ್‌ನ ದಾಖಲೆ ಬರೆಯಿತು. ಅದೇ ಡಿವಿಷನ್ನಿನ ಕಾನ್ಸಾಸ್ ಸಿಟಿ ರಾಯಲ್ಸ್ ಅವರ ವಿರುದ್ಧ 13ರಲ್ಲಿ 12 ಗೆದ್ದಿತು, ಒಟ್ಟು 86 ಗೆಲುವಿನೊಂದಿಗೆ ಪ್ಲೇ ಆಫ್ ತಲುಪಿತು. ಐಪಿಎಲ್‌ನಲ್ಲಿ ಹತ್ತು ತಂಡಗಳು 14 ಪಂದ್ಯ ಆಡುವಾಗ ಐದು ತಂಡಗಳನ್ನು ಎರಡು ಸಲ, ನಾಲ್ಕನ್ನು ಒಂದೇ ಸಲ ಎದುರಿಸುತ್ತವಲ್ಲ, ಅಲ್ಲಿಯೂ ಇದೇ ಅದೃಷ್ಟದ ಪಾಲಿದೆ.

ಇನ್ನು ಅಳತೆಯ ವಿಷಯ. 2006ರಲ್ಲಿ 252 ಇಂಟರ್‌ಲೀಗ್ ಪಂದ್ಯಗಳು ನಡೆದವು. ಅಮೆರಿಕನ್ ಲೀಗ್ 154 ಗೆದ್ದಿತು, 98 ಸೋತಿತು. ಎರಡೂ ಲೀಗ್ ಸಮಬಲದವಾಗಿದ್ದರೆ 126ರ ಆಚೀಚೆ ಎಂಟು ಗೆಲುವಿನ ಏರುಪೇರು ಸಹಜ. 28ರ ಏರಿಕೆ ಬರಿಯ ಅದೃಷ್ಟದಿಂದ ಬರುವುದು ಸಾವಿರಕ್ಕೆ ಒಂದು ಸಲಕ್ಕಿಂತಲೂ ಕಡಿಮೆ. ಆ ಅಕ್ಟೋಬರ್‌ನಲ್ಲಿ ವರ್ಲ್ಡ್ ಸೀರೀಸ್‌ಗೆ ಅಮೆರಿಕನ್ ಲೀಗಿನಿಂದ ಬಂದದ್ದು 95 ಗೆಲುವಿನ ಡೆಟ್ರಾಯ್ಟ್ ಟೈಗರ್ಸ್, ಆಚೆಯಿಂದ ಕೇವಲ 83 ಗೆಲುವಿನ ಸೇಂಟ್ ಲೂಯಿಸ್ ಕಾರ್ಡಿನಲ್ಸ್. ಲೀಗುಗಳು ಸಮ ಎಂದು ಹಿಡಿದರೆ ಕಾರ್ಡಿನಲ್ಸ್‌ಗೆ ಮೂರರಲ್ಲಿ ಒಂದು ಅವಕಾಶ. ಲೀಗುಗಳ ವ್ಯತ್ಯಾಸ ಸೇರಿಸಿದರೆ ಆರರಲ್ಲಿ ಒಂದಕ್ಕೆ ಇಳಿಯುತ್ತದೆ. (ಟೈಗರ್ಸ್‌ನ 95ರಲ್ಲಿ ಇಂಟರ್‌ಲೀಗ್ ಗೆಲುವುಗಳೂ ಇರುವುದರಿಂದ ಈ ಲೆಕ್ಕ ತುಸು ಅತಿಯಾಯಿತು.) ಕಾರ್ಡಿನಲ್ಸ್ ಐದೇ ಪಂದ್ಯದಲ್ಲಿ ಸರಣಿ ಮುಗಿಸಿತು. ಟೈಗರ್ಸ್‌ನ ಪಿಚರ್‌ಗಳು (ಚೆಂಡೆಸೆಯುವವರು) ಐದೂ ಪಂದ್ಯಗಳಲ್ಲಿ ಒಂದೊಂದು ಫೀಲ್ಡಿಂಗ್ ಎಡವಟ್ಟು ಮಾಡಿದ್ದರು. ಅದನ್ನು ಯಾವ ಸೂತ್ರವೂ ಮುಂಗಾಣದು. ಇಂಟರ್‌ಲೀಗ್ ಪಂದ್ಯಗಳು ಲೀಗನ್ನು ಅಳೆಯುತ್ತವೆ, ಒಂದು ವಾರದ ಸರಣಿಯನ್ನಲ್ಲ.

ಬೇಸ್‌ಬಾಲ್ ವಿಡಿಯೋ ಗೇಮ್ ಆಡುವ ಮಕ್ಕಳಿಗೆ ಎರಡು ಲೀಗುಗಳ ಈ ತೊಡಕು ಬೇರೆ ರೂಪದಲ್ಲಿ ಎದುರಾಗುತ್ತದೆ. ಅಮೆರಿಕನ್ ಲೀಗಿನಲ್ಲಿ 1973ರಿಂದ ಪಿಚರ್ ಬದಲಿಗೆ ಬ್ಯಾಟ್ ಮಾಡಲೆಂದೇ ಒಬ್ಬನಿದ್ದಾನೆ, 'ಡೆಸಿಗ್ನೇಟೆಡ್ ಹಿಟರ್'. ನ್ಯಾಷನಲ್ ಲೀಗ್ ಇದನ್ನು ಕಾಯಂ ಆಗಿ ಒಪ್ಪಿದ್ದು 2022ರಲ್ಲಿ. ಅದಕ್ಕೆ ಮುಂಚೆ, 2020ರ ಒಂದು ಸೀಸನ್ ಬಿಟ್ಟರೆ, ಇಂಟರ್‌ಲೀಗ್ ಪಂದ್ಯದಲ್ಲಿ ಮೈದಾನ ಯಾರದೋ ನಿಯಮ ಅವರದು. ಅಂಥ ಹಳೆಯ ಸೀಸನ್ ಅನ್ನು ಗೇಮಿನಲ್ಲಿ ನಿಜವಿದ್ದಂತೆ ಆಡಿಸಿದರೆ ಟೈಗರ್ಸ್ ರಿಗ್ಲಿ ಫೀಲ್ಡಿಗೆ ಹೋದಾಗ ಆ ಬ್ಯಾಟರ್ ಮಾಯವಾಗಿ ಪಿಚರ್ ಕೈಗೆ ಬ್ಯಾಟು ಬರಬೇಕು. 2021ರಲ್ಲಿ ಪಿಚರ್‌ಗಳ ಬ್ಯಾಟಿಂಗ್ ಸರಾಸರಿ 0.110. ನಮ್ಮ ಕ್ರಿಕೆಟ್ಟಿನ ಹನ್ನೊಂದನೆಯ ಆಟಗಾರ ಅವರೆದುರು ಗವಾಸ್ಕರ್.

ಬೇರೆ ಬೇರೆ ಕಾಲದ ತಂಡಗಳನ್ನು ಎದುರಾಬದುರು ನಿಲ್ಲಿಸುವ ಗೇಮುಗಳಲ್ಲಿ ಲೆಕ್ಕ ಇನ್ನೂ ಸೂಕ್ಷ್ಮ. 1968 ಪಿಚರ್‌ಗಳ ವರ್ಷ. ಟೈಗರ್ಸ್‌ನ ಡೆನ್ನಿ ಮೆಕ್ಲೇನ್ 31 ಪಂದ್ಯ ಗೆದ್ದ ವರ್ಷ. ಅಮೆರಿಕನ್ ಲೀಗಿನ ಸರಾಸರಿ 0.230ಕ್ಕೆ ಕುಸಿದಿತ್ತು, 0.301 ಹೊಡೆದ ಕಾರ್ಲ್ ಯಾಸ್ಟ್ರೆಮ್‌ಸ್ಕಿಯೇ ಲೀಗಿಗೆ ಅಗ್ರ. 2000ದಲ್ಲಿ ಅದೇ ಲೀಗಿನ ಸರಾಸರಿ 0.276, ಅಲ್ಲಿ 0.301 ಹೊಡೆದವನು ಹತ್ತರಲ್ಲಿ ಹನ್ನೊಂದನೆಯವನು. ಇಬ್ಬರ ಅಂಕಿಯೂ ಒಂದೇ ಎಂದು ಗೇಮು ಇಬ್ಬರನ್ನೂ ಸಮ ಮಾಡಿದರೆ ತಪ್ಪು. ಪ್ರತಿಯೊಬ್ಬನ ಹಿಟ್ ಅನುಪಾತವನ್ನು (ಹಿಟ್ ಆದ ಸರದಿಗಳನ್ನು ಹಿಟ್ ಆಗದವುಗಳಿಂದ ಭಾಗಿಸಿದ್ದು) ಅವನ ಲೀಗಿನ ಅನುಪಾತದಿಂದ ಭಾಗಿಸಿ, ಆಡಿಸುವ ಲೀಗಿನ ಅನುಪಾತದಿಂದ ಗುಣಿಸಬೇಕು. 0.250 ಸರಾಸರಿಯ ಲೀಗಿಗೆ ಇಬ್ಬರನ್ನೂ ತಂದರೆ 1968ರವನು 0.325 ಹೊಡೆಯುತ್ತಾನೆ, 2000ದವನು 0.274. ಇಲ್ಲಿಯೂ ಎರಡು ಕಾಲದ ಸರಾಸರಿ ಆಟಗಾರ ಸಮಬಲ ಎಂಬ ಊಹೆ ಉಳಿದೇ ಇದೆ. 1997ರಲ್ಲಿ ಲೀಗುಗಳ ನಡುವೆ ಪಂದ್ಯ ಇಡಲು ಸಾಧ್ಯವಾಯಿತು. 1968 ಮತ್ತು 2000ದ ನಡುವೆ ಯಾರೂ ಪಂದ್ಯ ಇಡಲಾರರು. ಗೇಮು ಅಲ್ಲಿ ತೋರಿಸುವುದು ಅಳತೆಯಲ್ಲ, ಅದನ್ನು ಬರೆದವರ ಅಭಿಪ್ರಾಯ.

ಕಬ್ಸ್ ಮತ್ತು ಟೈಗರ್ಸ್ ವರ್ಲ್ಡ್ ಸೀರೀಸ್‌ನಲ್ಲಿ 1907, 1908, 1935, 1945ರಲ್ಲಿ ಎದುರಾಗಿದ್ದರು. ಮೊದಲೆರಡು ಕಬ್ಸ್‌ಗೆ, ಉಳಿದೆರಡು ಟೈಗರ್ಸ್‌ಗೆ. 2023ರಿಂದ ಅವರಿಬ್ಬರೂ ಪ್ರತಿ ವರ್ಷ ಮೂರು ಪಂದ್ಯ ಆಡುತ್ತಿದ್ದಾರೆ. 2023ರಲ್ಲಿ ಡೆಟ್ರಾಯ್ಟ್, 2024ರಲ್ಲಿ ಚಿಕಾಗೋ, 2025ರಲ್ಲಿ ಮತ್ತೆ ಡೆಟ್ರಾಯ್ಟ್. ಪಂಪ ಕನ್ನಡ ಕೂಟದ ಡೆಟ್ರಾಯ್ಟ್‌ನಿಂದ ವಿದ್ಯಾರಣ್ಯ ಕನ್ನಡ ಕೂಟದ ಚಿಕಾಗೋಗೆ ಬೇಸಿಗೆಯಲ್ಲಿ ನೆಂಟರ ಮನೆಗೆ ಹೊರಡುವವರು ಟಿಕೆಟ್ ಕೊಳ್ಳುವ ಮುಂಚೆ ಆ ವರ್ಷದ ಸರದಿ ಯಾವ ಊರಿನದೆಂದು ನೋಡಿಕೊಳ್ಳುವುದು ಒಳ್ಳೆಯದು.