ಒಂದು ಗಾಡಿ, ಒಂದೇ ತಿಂಡಿ: ಹೋಯಿ ಆನ್ ಬೀದಿಯ ಊಟದ ನಡಿಗೆ

ವಿಯೆಟ್ನಾಮಿನ ಹೋಯಿ ಆನ್‌ನಲ್ಲಿ ಹೊಟ್ಟೆ ತುಂಬ ಉಣ್ಣಲು ಕುರ್ಚಿ–ಮೇಜು ಬೇಕಿಲ್ಲ. ಗೇಣೆತ್ತರದ ಪ್ಲಾಸ್ಟಿಕ್ ಸ್ಟೂಲು, ಕುದಿಯುವ ಒಂದು ಪಾತ್ರೆ, ಸೊಪ್ಪಿನ ಬುಟ್ಟಿ, ಬಟ್ಟಲು ತೊಳೆಯಲು ನೀರು ಇಷ್ಟಿದ್ದರೆ ಅಲ್ಲೊಂದು ಅಂಗಡಿ ಇದೆ ಎಂದರ್ಥ. ಅಂಗಡಿಯಾಕೆ ಸಾಮಾನ್ಯವಾಗಿ ಮಾಡುವುದು ಒಂದೇ ತಿಂಡಿ. ನಿನ್ನೆಯೂ ಅದೇ, ನಾಳೆಯೂ ಅದೇ. ಅನೇಕರಿಗೆ ಅದು ತಾಯಿಯಿಂದ ಬಂದ ಕಸುಬು. ಆದ್ದರಿಂದ ಒಂದೇ ಕಡೆ ಕೂತು ಹತ್ತು ಬಗೆ ತರಿಸಿಕೊಂಡರೆ ಊರಿನ ನಿಜವಾದ ರುಚಿ ಸಿಗುವುದಿಲ್ಲ. ಇಲ್ಲಿ ನಡೆಯಬೇಕು. ಒಂದು ಮೂಲೆಯಲ್ಲಿ ಶಾವಿಗೆ, ಇನ್ನೊಂದು ಓಣಿಯಲ್ಲಿ ದೋಸೆ, ಮತ್ತೆಲ್ಲೋ ಪಾಯಸ. ಯಾವ ಓಣಿಗೆ ಯಾವ ಹೊತ್ತಿನಲ್ಲಿ ಹೋಗಬೇಕೆಂದು ಬಲ್ಲ ಸ್ಥಳೀಯರೊಬ್ಬರು ಜೊತೆಗಿದ್ದರೆ ಆ ನಡಿಗೆಗೆ ಅರ್ಥ ಬರುತ್ತದೆ.

ಇಂಥ ನಡಿಗೆಗಳು ವಿಯೆಟ್ನಾಮಿನ ಪ್ರವಾಸಿ ಊರುಗಳಲ್ಲೆಲ್ಲ ಇವೆ. ನೂರಾರು ಡಾಲರ್ ಖರ್ಚು ಮಾಡಿ ಕಾರಿನಲ್ಲಿ ಸುತ್ತುವುದೂ ಉಂಟು. ನಾನು ಹೇಳಹೊರಟಿರುವುದು ಅಗ್ಗದ ನಡಿಗೆಗಳ ಬಗ್ಗೆ. ಅವುಗಳಲ್ಲಿ ಎರಡು ಬಗೆ. ಒಂದರಲ್ಲಿ ತಲೆಗೆ ಸುಮಾರು 20ರಿಂದ 30 ಡಾಲರ್ ಕೊಟ್ಟರೆ ಗೈಡ್, ತಿಂಡಿ, ಪಾನೀಯ ಎಲ್ಲವೂ ಅದರಲ್ಲೇ ಸೇರಿರುತ್ತದೆ. ಇನ್ನೊಂದರಲ್ಲಿ ಇಂಗ್ಲಿಷ್ ಅಭ್ಯಾಸ ಮಾಡಿಕೊಳ್ಳಬೇಕೆಂದಿರುವ ಕಾಲೇಜು ವಿದ್ಯಾರ್ಥಿಗಳು ಕರೆದೊಯ್ಯುತ್ತಾರೆ. ತಿಂದದ್ದಕ್ಕೆ ನಾವು ನೇರವಾಗಿ ಅಂಗಡಿಯಲ್ಲೇ ಕೊಡುತ್ತೇವೆ, ಕೊನೆಗೆ ಗೈಡ್‌ಗೆ ಮನಸ್ಸಿಗೆ ಬಂದಷ್ಟು. ಹನೋಯಿಯಲ್ಲಿ 2006ರಿಂದಲೇ ಹನೋಯ್‌ಕಿಡ್ಸ್ ಎಂಬ ವಿದ್ಯಾರ್ಥಿ ಬಳಗ ಹೀಗೆ ಪ್ರವಾಸಿಗರಿಗೆ ಊರು ತೋರಿಸುತ್ತಿದೆ. ನನಗೆ ಎರಡನೆಯ ಬಗೆಯೇ ಹೆಚ್ಚು ಇಷ್ಟ. ಆ ಹುಡುಗ ಹುಡುಗಿಯರು ತಾವು ತಿನ್ನುವ ಕಡೆಗೇ ಕರೆದೊಯ್ಯುತ್ತಾರೆ.

ಹೋಯಿ ಆನ್ ಸಣ್ಣ ಊರು. ತು ಬೋನ್ ನದಿಯ ದಂಡೆಯಲ್ಲಿ, ದಾ ನಾಂಗ್ ವಿಮಾನ ನಿಲ್ದಾಣದಿಂದ ಸುಮಾರು 30 ಕಿ.ಮೀ. ದೂರ. 2025ರ ಜುಲೈಯಿಂದ ಆಡಳಿತದ ಲೆಕ್ಕದಲ್ಲಿ ಅದು ದಾ ನಾಂಗ್‌ಗೇ ಸೇರಿದೆ. ಹದಿನೈದರಿಂದ ಹತ್ತೊಂಬತ್ತನೆಯ ಶತಮಾನದವರೆಗೆ ಇದು ದೊಡ್ಡ ಬಂದರು. ಚೀನೀ ವರ್ತಕರು, ಜಪಾನೀ ವರ್ತಕರು ಇಲ್ಲಿ ಮನೆ ಕಟ್ಟಿ ನೆಲೆಸಿದರು. ನದಿಯಲ್ಲಿ ಹೂಳು ತುಂಬಿ ವ್ಯಾಪಾರವೆಲ್ಲ ದಾ ನಾಂಗ್ ಪಾಲಾಯಿತು. ಹಾಗಾಗಿಯೇ ಹಳೆಯ ಊರು ಯಾರ ಕೈಗೂ ಸಿಗದೆ ಉಳಿಯಿತು, 1999ರಲ್ಲಿ ಯುನೆಸ್ಕೋ ಪಟ್ಟಿ ಸೇರಿತು. ಜಪಾನೀಯರು ಕಟ್ಟಿದ ಚಾವಣಿ ಸೇತುವೆಯ ಚಿತ್ರ 20,000 ಡಾಂಗ್ ನೋಟಿನ ಮೇಲಿದೆ. ಹಳೆಯ ಪೇಟೆಯಲ್ಲಿ ಬೆಳಿಗ್ಗೆ ಕೆಲ ಗಂಟೆ, ಮಧ್ಯಾಹ್ನದಿಂದ ರಾತ್ರಿಯವರೆಗೆ ಮೋಟಾರು ವಾಹನ ಬಿಡುವುದಿಲ್ಲ. ನಡೆದು ತಿನ್ನುವವರಿಗೆ ಇದಕ್ಕಿಂತ ಅನುಕೂಲ ಬೇರೆ ಬೇಕೆ?

ನಮ್ಮ ಗೈಡ್ ಹುಡುಗಿ ಮೊದಲು ಕರೆದೊಯ್ದದ್ದು ಅಂಗಡಿಗಲ್ಲ, ಬಾವಿಗೆ. ಇಕ್ಕಟ್ಟಿನ ಓಣಿಯೊಂದರ ಕೊನೆಯಲ್ಲಿ ಇಟ್ಟಿಗೆ ಕಟ್ಟಿದ, ಚೌಕಾಕಾರದ ಬಾ ಲೇ ಬಾವಿ. ಇದನ್ನು ತೋಡಿದವರು ಚಾಮ್ ಜನ ಎಂಬುದು ಊರಿನವರ ನಂಬಿಕೆ. ಹೋಯಿ ಆನ್ ಪಟ್ಟಣವಾಗುವುದಕ್ಕೂ ಮೊದಲು ಈ ಕರಾವಳಿ ಅವರ ಚಂಪಾ ರಾಜ್ಯದ್ದಾಗಿತ್ತು. ಚಂಪಾ ಅರಸರು ಶಿವಭಕ್ತರು. ಇಲ್ಲಿಂದ ಸುಮಾರು 40 ಕಿ.ಮೀ. ಒಳಗಿರುವ ಮೀ ಸೋನ್ ಕಣಿವೆಯಲ್ಲಿ ಭದ್ರವರ್ಮನೆಂಬ ಅರಸ ನಾಲ್ಕನೆಯ ಶತಮಾನದ ಕೊನೆಯ ಹೊತ್ತಿಗೆ ಭದ್ರೇಶ್ವರ ಲಿಂಗವನ್ನು ಪ್ರತಿಷ್ಠಾಪಿಸಿದ. ಈಚಿನ ವರ್ಷಗಳಲ್ಲಿ ಆ ಗುಡಿಗಳ ಒಂದು ಭಾಗವನ್ನು ಜೀರ್ಣೋದ್ಧಾರ ಮಾಡಿದ್ದು ನಮ್ಮ ಭಾರತೀಯ ಪುರಾತತ್ವ ಸರ್ವೇಕ್ಷಣೆ. 2020ರಲ್ಲಿ ಆ ಕೆಲಸದ ನಡುವೆ ಒಂದೇ ಮರಳುಗಲ್ಲಿನಲ್ಲಿ ಕಡೆದ, ಒಂಬತ್ತನೆಯ ಶತಮಾನದ ಶಿವಲಿಂಗ ಮಣ್ಣಿನಿಂದ ಹೊರಬಂತು. ತಿಂಡಿ ತಿನ್ನಲು ಹೊರಟವರಿಗೆ ಇಷ್ಟು ಇತಿಹಾಸ ಯಾಕೆ ಎನ್ನಬೇಡಿ. ಹೋಯಿ ಆನ್‌ನ ಹೆಮ್ಮೆಯ ತಿಂಡಿಗೂ ಈ ಬಾವಿಗೂ ನೇರ ನಂಟಿದೆ.

ಆ ತಿಂಡಿ ಕಾವ್ ಲಾವ್. ದಪ್ಪನೆಯ, ಜಗಿದರೆ ಹಲ್ಲಿಗೆ ತುಸು ಎದುರು ನಿಲ್ಲುವ, ಮಣ್ಣಿನ ಬಣ್ಣದ ಅಕ್ಕಿ ಶಾವಿಗೆ. ಅಕ್ಕಿಯನ್ನು ಬೂದಿ ಬಸಿದ ನೀರಿನಲ್ಲಿ ನೆನೆಸುತ್ತಾರೆ. ಬೂದಿ ಬರಬೇಕಾದದ್ದು ಸಮುದ್ರದಾಚೆಯ ಚಾಮ್ ದ್ವೀಪದ ಮರದಿಂದ, ನೀರು ಬಾ ಲೇ ಬಾವಿಯಿಂದ ಎಂಬುದು ಹಳೆಯ ಕಟ್ಟಳೆ. ಬೂದಿಯ ಕ್ಷಾರ ಶಾವಿಗೆಗೆ ಆ ಬಣ್ಣವನ್ನೂ ಬಿಗಿಯನ್ನೂ ಕೊಡುತ್ತದೆ. ನೆನೆದ ಅಕ್ಕಿಯನ್ನು ರುಬ್ಬಿ, ನಾದಿ, ಹಬೆಯಲ್ಲಿ ಬೇಯಿಸಿ, ಕತ್ತರಿಸಿ, ಮತ್ತೆ ಹಬೆಗಿಡುತ್ತಾರೆ. ಇದನ್ನು ಮಾಡುವ ಮನೆಗಳು ಬೆರಳೆಣಿಕೆಯಷ್ಟು. ಊರಿನ ಅಂಗಡಿಗಳೆಲ್ಲ ಅವರಿಂದಲೇ ಶಾವಿಗೆ ತರಿಸಿಕೊಳ್ಳುತ್ತವೆ. ಈಗ ಎಲ್ಲರೂ ಆ ಬಾವಿಯ ನೀರನ್ನೇ ಸೇದುತ್ತಾರೆಂದು ಯಾರೂ ಹೇಳುವುದಿಲ್ಲ. ಆದರೆ ಬಾವಿಯ ಕಥೆ ಹೇಳದೆ ಬಟ್ಟಲು ಮುಂದಿಡುವ ಗೈಡ್ ಈ ಊರಿನಲ್ಲಿ ಸಿಗಲಿಕ್ಕಿಲ್ಲ.

ಬಟ್ಟಲಿನ ತಳದಲ್ಲಿ ಹಸಿ ಸೊಪ್ಪು ಮತ್ತು ಮೊಳಕೆ ಕಾಳು, ಮೇಲೆ ಶಾವಿಗೆ, ಅದರ ಮೇಲೆ ತೆಳುವಾಗಿ ಹೆಚ್ಚಿದ ಹಂದಿಮಾಂಸ, ಅದೇ ಶಾವಿಗೆ ಹಿಟ್ಟಿನ ಕರಿದ ಚೂರುಗಳು, ಒಂದೆರಡು ಚಮಚ ಗಟ್ಟಿ ರಸ. ಸೂಪಿನಂತೆ ತುಂಬಿಸುವುದಿಲ್ಲ. ತಳದಿಂದ ಕಲಸಿ ತಿನ್ನಬೇಕು. ಮೃದು, ಗರಿ, ಹಸಿ ಮೂರೂ ಒಂದೇ ತುತ್ತಿನಲ್ಲಿ ಸಿಗುತ್ತವೆ. ಶಾವಿಗೆ ಜಪಾನಿನದರಂತೆ ದಪ್ಪ, ಮಾಂಸ ಚೀನೀಯರ ಅಡುಗೆಯಂತೆ, ಸೊಪ್ಪು ಇಲ್ಲಿನದೇ. ಬಂದರಿಗೆ ಬಂದವರೆಲ್ಲ ಈ ಬಟ್ಟಲಿಗೆ ಏನಾದರೂ ಹಾಕಿಹೋಗಿದ್ದಾರೆ ಎಂದು ಊರಿನವರು ನಂಬುತ್ತಾರೆ. ಬಟ್ಟಲನ್ನು ನೋಡಿದರೆ ನಂಬಬೇಕೆನಿಸುತ್ತದೆ.

ಮಾರುಕಟ್ಟೆಯಲ್ಲಿ ಹೆಚ್ಚು ಹೊತ್ತು ಕಳೆಯಿರಿ. ನದಿಯ ಪಕ್ಕದ ಊರ ಸಂತೆಗೆ ಬೆಳಗಿನ ನಡಿಗೆಯಲ್ಲಿ ಹೋಗುವುದು ಒಳ್ಳೆಯದು. ಅಲ್ಲಿ ಸೊಪ್ಪು ಮಾರುವವರ ಸಾಲೇ ಬೇರೆ. ಪುದೀನ, ಕೊತ್ತಂಬರಿ, ತುಳಸಿಯ ಜಾತಿಯ ಒಂದು ಸೊಪ್ಪು, ಕಡುಗೆಂಪು ಎಲೆಯ ಇನ್ನೊಂದು, ಮೀನಿನ ವಾಸನೆಯ ಮತ್ತೊಂದು. ಗೈಡ್ ಒಂದೊಂದು ಎಲೆ ಹರಿದು ಕೈಗಿತ್ತು ಜಗಿಯಲು ಹೇಳಿದಾಗ ತಿಳಿಯಿತು: ಇವರ ಅಡುಗೆಯಲ್ಲಿ ಸೊಪ್ಪು ಅಲಂಕಾರಕ್ಕಲ್ಲ, ಅದು ಅರ್ಧ ಊಟ. ಈ ಸೊಪ್ಪಿನಲ್ಲಿ ಬಹಳಷ್ಟು ಬರುವುದು ಊರಿನಿಂದ ಎರಡು–ಮೂರು ಕಿ.ಮೀ. ದೂರದ ತ್ರಾ ಕ್ವೆ ಹಳ್ಳಿಯಿಂದ. ಅಲ್ಲಿಯ ರೈತರು ನದಿಯಿಂದ ಜೊಂಡು–ಪಾಚಿ ತೆಗೆದು ಮಡಿಗಳಿಗೆ ಗೊಬ್ಬರವಾಗಿ ಹಾಕುತ್ತಾರೆ. ವಿಶ್ವಸಂಸ್ಥೆಯ ಪ್ರವಾಸೋದ್ಯಮ ಸಂಸ್ಥೆ 2024ರಲ್ಲಿ ಈ ಹಳ್ಳಿಯನ್ನು ಜಗತ್ತಿನ ಅತ್ಯುತ್ತಮ ಪ್ರವಾಸಿ ಗ್ರಾಮಗಳ ಪಟ್ಟಿಗೆ ಸೇರಿಸಿತು. ಸಮಯವಿದ್ದರೆ ಬಾಡಿಗೆ ಸೈಕಲ್ಲಿನಲ್ಲಿ ಹೋಗಿಬನ್ನಿ.

ಕನ್ನಡಿಗರು ತಕ್ಷಣ ಗುರುತಿಸುವ ತಿಂಡಿಯೊಂದಿದೆ: ಬಾನ್ ಸೆಯೋ. ಅಕ್ಕಿ ಹಿಟ್ಟು, ಅರಿಸಿನ, ಕಾದ ಹೆಂಚು, ಹಿಟ್ಟು ಬಿದ್ದೊಡನೆ ಚೊಯ್ಯೆನ್ನುವ ಸದ್ದು. ನೋಡಲು ನಮ್ಮ ದೋಸೆಯೇ. ಆದರೆ ಉದ್ದು ಇಲ್ಲ, ಹುಳಿ ಬರಿಸುವುದಿಲ್ಲ. ಒಳಗೆ ಸಿಗಡಿ, ಮಾಂಸ, ಮೊಳಕೆ ಕಾಳು. ತಿನ್ನುವ ಕ್ರಮವೇ ಬೇರೆ. ತೆಳುವಾದ ಅಕ್ಕಿ ಹಾಳೆಯ ಮೇಲೆ ಆ ದೋಸೆ ಇಟ್ಟು, ಸೊಪ್ಪು, ಬಾಳೆಕಾಯಿ ಚೂರು ಸೇರಿಸಿ, ಸುರುಳಿ ಸುತ್ತಿ, ಕಡಲೆಕಾಯಿ ಹಾಕಿದ ಗಟ್ಟಿ ಸಾರಿನಲ್ಲಿ ಅದ್ದಬೇಕು. ಮೊದಲ ಸುರುಳಿ ಎಲ್ಲರ ಕೈಯಲ್ಲೂ ಬಿಚ್ಚಿಕೊಳ್ಳುತ್ತದೆ. ಅಂಗಡಿಯ ಅಜ್ಜಿ ಮಾತಿಲ್ಲದೆ ನಮ್ಮ ಕೈಯಿಂದ ತೆಗೆದುಕೊಂಡು ಬಿಗಿಯಾಗಿ ಸುತ್ತಿ ಕೊಟ್ಟರು.

ಬಾನ್ ಮೀ ಬಗ್ಗೆ ಜಗತ್ತೇ ಬರೆದಿದೆ. ಫ್ರೆಂಚರು ತಂದ ಬ್ರೆಡ್ಡನ್ನು ವಿಯೆಟ್ನಾಮಿಗಳು ತಮ್ಮ ಉಪ್ಪಿನಕಾಯಿ, ಸೊಪ್ಪು, ಮೆಣಸಿನಕಾಯಿಯಿಂದ ತಮ್ಮದಾಗಿಸಿಕೊಂಡರು. ಅಮೆರಿಕದ ಬಾಣಸಿಗ ಆಂಟನಿ ಬೋರ್ಡೇನ್ 2009ರಲ್ಲಿ ತಮ್ಮ ಟಿ.ವಿ. ಕಾರ್ಯಕ್ರಮದಲ್ಲಿ ಹೋಯಿ ಆನ್‌ನ ಒಂದು ಬಾನ್ ಮೀಯನ್ನು ಹೊಗಳಿದ ಮೇಲೆ ಅಂಥ ಅಂಗಡಿಗಳ ಮುಂದೆ ಸಾಲು ಕರಗಿಲ್ಲ. ಒಳ್ಳೆಯ ಗೈಡ್ ಆ ಸಾಲನ್ನು ಬಿಟ್ಟು ಅಷ್ಟೇ ಗರಿಯಾದ ಬ್ರೆಡ್ ಸಿಗುವ ಗಾಡಿಗೆ ಕರೆದೊಯ್ಯುತ್ತಾರೆ. ಇಲ್ಲಿಯ ಇನ್ನೊಂದು ವಿಶೇಷ ‘ಬಿಳಿ ಗುಲಾಬಿ’, ಸಿಗಡಿ ತುಂಬಿ ಹಬೆಯಲ್ಲಿ ಬೇಯಿಸಿದ, ಹೂವಿನಂಥ ಕಡುಬು. ಊರಿನ ಹೋಟೆಲುಗಳಿಗೆಲ್ಲ ಬಹುಕಾಲದಿಂದ ಇದನ್ನು ಒದಗಿಸುತ್ತ ಬಂದದ್ದು ಒಂದೇ ಮನೆತನ.

ಕಾವಡಿ ಹೊತ್ತು ಬರುವವರನ್ನು ತಪ್ಪಿಸಿಕೊಳ್ಳಬೇಡಿ. ಕೋಲಿನ ಒಂದು ತುದಿಗೆ ಪಾತ್ರೆ, ಇನ್ನೊಂದು ತುದಿಗೆ ಬಟ್ಟಲು, ನೀರು. ಬಾಯಲ್ಲಿ ಕರಗುವ ಬಿಸಿ ಸೋಯಾ ಗಿಣ್ಣಿನ ಮೇಲೆ ಶುಂಠಿ ಪಾಕ ಸುರಿದು ಕೊಡುತ್ತಾರೆ. ಕಪ್ಪು ಎಳ್ಳಿನ ಗಂಜಿಯಂಥ ಸಿಹಿ ‘ಸೀ ಮಾ’ ಸಿಗುವುದು ಬೆಳಗಿನ ಹೊತ್ತು. ನದಿಯ ನಡುವಿನ ಕಾಮ್ ನಾಮ್ ನಡುಗಡ್ಡೆಯ ಜೋಳದಿಂದ ಮಾಡುವ ಪಾಯಸವೂ ಹೆಸರಾದದ್ದು. ಇವೆಲ್ಲ ಹತ್ತು–ಇಪ್ಪತ್ತು ಸಾವಿರ ಡಾಂಗ್‌ನ ಮಾತು. ಸಾವಿರಗಳನ್ನು ಕೇಳಿ ಗಾಬರಿ ಬೇಡ. ಒಂದು ರೂಪಾಯಿಗೆ ಸುಮಾರು 300 ಡಾಂಗ್. ಒಂದು ಬಟ್ಟಲು ಕಾವ್ ಲಾವ್, ಒಂದು ಬಾನ್ ಮೀ, ಒಂದು ಪಾಯಸ, ಲಿಂಬೆಹುಲ್ಲಿನ ಒಂದು ತಂಪು ಪಾನೀಯ ಎಲ್ಲ ಸೇರಿದರೂ ಬೀದಿಯಲ್ಲಿ ಐನೂರು ರೂಪಾಯಿಯ ಆಸುಪಾಸಿನಲ್ಲಿ ಮುಗಿಯುತ್ತದೆ.

ನಮ್ಮಲ್ಲಿ ಅನೇಕರ ಮೊದಲ ಪ್ರಶ್ನೆ ಸಸ್ಯಾಹಾರದ್ದು. ಮಾಂಸವಿಲ್ಲ ಎಂದು ಹೇಳಿದರೆ ಸಾಲದು, ಮೀನಿನಿಂದ ಇಳಿಸಿದ ನೂಕ್ ಮಾಮ್ ಎಂಬ ರಸ ಇಲ್ಲಿ ಉಪ್ಪಿನಷ್ಟೇ ಸಾಮಾನ್ಯ. ಆದರೆ ವಿಯೆಟ್ನಾಮಿನಲ್ಲಿ ಬೌದ್ಧರ ಸಸ್ಯಾಹಾರದ ಪರಂಪರೆ ಗಟ್ಟಿಯಾಗಿದೆ. ಅದನ್ನು ‘ಚೈ’ ಎನ್ನುತ್ತಾರೆ. ಆ ಬೋರ್ಡ್ ಇದ್ದ ಕಡೆ ಮಾಂಸವೂ ಇಲ್ಲ, ಮೀನಿನ ರಸವೂ ಇಲ್ಲ. ಚಾಂದ್ರಮಾನ ತಿಂಗಳ ಮೊದಲ ದಿನ ಮತ್ತು ಹದಿನೈದನೆಯ ದಿನ ಬಹಳ ಜನ ಮಾಂಸ ಮುಟ್ಟುವುದಿಲ್ಲ. ಅಂದು ಬೀದಿಯಲ್ಲೂ ಚೈ ತಿಂಡಿಗಳು ಹೆಚ್ಚು. ಹದಿನಾಲ್ಕನೆಯ ರಾತ್ರಿ ಹಳೆಯ ಪೇಟೆ ಲಾಂದ್ರದ ಬೆಳಕಿನಲ್ಲಿ ಹಬ್ಬ ಆಚರಿಸುತ್ತದೆ. ಸಸ್ಯಾಹಾರಿಗಳು ಹುಣ್ಣಿಮೆಯ ಸುತ್ತ ಪ್ರವಾಸ ಇಟ್ಟುಕೊಂಡರೆ ಹಬ್ಬವೂ ಆಯಿತು, ಊಟವೂ ಆಯಿತು. ನಡಿಗೆಗೆ ಹೆಸರು ಕೊಡುವಾಗಲೇ ‘ಚೈ’ ಎಂದು ತಿಳಿಸಿ. ಕಡಲೆಕಾಯಿ ಒಗ್ಗದವರು ಅದನ್ನೂ ಮೊದಲೇ ಹೇಳಬೇಕು.

ಯಾವ ನಡಿಗೆ ಆರಿಸಿಕೊಳ್ಳಬೇಕು? ಬೆಲೆಯನ್ನಷ್ಟೇ ನೋಡಿ ನಿರ್ಧರಿಸಬೇಡಿ. ಗುಂಪಿನಲ್ಲಿ ಎಷ್ಟು ಜನ ಎಂದು ಕೇಳಿ. ಎಂಟಕ್ಕಿಂತ ಹೆಚ್ಚಾದರೆ ಸಣ್ಣ ಅಂಗಡಿಯ ಸ್ಟೂಲುಗಳೇ ಸಾಲುವುದಿಲ್ಲ, ಆಗ ಗೈಡ್ ದೊಡ್ಡ ಹೋಟೆಲಿಗೇ ಕರೆದೊಯ್ಯಬೇಕಾಗುತ್ತದೆ. ಹದಿನೈದು ರುಚಿ, ಇಪ್ಪತ್ತು ರುಚಿ ಎಂದು ಸಾರುವ ನಡಿಗೆಗಿಂತ ಐದಾರು ಕಡೆ ನಿಂತು, ಮಾಡುವುದನ್ನು ನೋಡಿ, ಕೇಳಿ ತಿನ್ನುವ ನಡಿಗೆ ಮೇಲು. ಮತ್ತೊಂದು ಪ್ರಶ್ನೆಯನ್ನು ಸಂಕೋಚವಿಲ್ಲದೆ ಕೇಳಿ: ನಾನು ಕೊಡುವ ಹಣದಲ್ಲಿ ಅಂಗಡಿಯವರಿಗೆ ಎಷ್ಟು ಹೋಗುತ್ತದೆ? ಬೆಳಗಿನ ಜಾವ ಎದ್ದು ಅಕ್ಕಿ ರುಬ್ಬಿದವರು ಅವರು. ಅವರ ಬಟ್ಟಲನ್ನು ತೋರಿಸಿ ಹಣ ಮಾಡುವವರು ಅವರಿಗೆ ಪೂರ್ತಿ ಬೆಲೆ ಕೊಡಲೇಬೇಕು. ಉತ್ತರ ಕೊಡಲು ಹಿಂಜರಿಯುವ ನಡಿಗೆ ನನಗೆ ಬೇಡ. ನೀವೂ ಬಿಟ್ಟುಬಿಡಿ. ಕೊನೆಗೆ ಹಣ ಕೊಡುವ ನಡಿಗೆಯಾದರೆ ಗೈಡ್‌ಗೆ ಕೈಬಿಚ್ಚಿ ಕೊಡಿ, ಮೂರು ಗಂಟೆ ನಡೆದು ವಿವರಿಸಿದ ದುಡಿಮೆ ಅದು.

ನೋಟು ಎಣಿಸುವಾಗ ಎಚ್ಚರ. 20,000 ಮತ್ತು 5,00,000 ಡಾಂಗ್ ಎರಡೂ ನೀಲಿ ಛಾಯೆಯವು, ಮಬ್ಬು ಬೆಳಕಿನಲ್ಲಿ ಅದಲುಬದಲಾಗುತ್ತವೆ. ಸಣ್ಣ ನೋಟುಗಳನ್ನು ಬೇರೆಯೇ ಇಟ್ಟುಕೊಳ್ಳಿ. ಕಣ್ಣೆದುರು ಬೇಯಿಸಿದ, ಜನ ಹೆಚ್ಚು ಬಂದು ಹೋಗುವ ಅಂಗಡಿಯದನ್ನು ತಿನ್ನಿ. ಬಿಸಿಲಿನಲ್ಲಿ ಹೊತ್ತು ಕಳೆದ ಮೊಟ್ಟೆಯ ಸಾಸ್, ಮಾಂಸದ ಪೇಸ್ಟ್ ಬೇಡ.

ಅಕ್ಟೋಬರ್, ನವೆಂಬರ್ ಅಲ್ಲಿ ದೊಡ್ಡ ಮಳೆಯ ಕಾಲ. ನದಿ ಉಕ್ಕಿ ಹಳೆಯ ಪೇಟೆಗೆ ನುಗ್ಗುವುದುಂಟು. ಫೆಬ್ರುವರಿಯಿಂದ ಆಗಸ್ಟ್‌ವರೆಗಿನ ದಿನಗಳು ನಡೆಯಲು ಒಳ್ಳೆಯವು. ಹೋದರೆ ನಡಿಗೆಯನ್ನು ಕೊನೆಯ ದಿನಕ್ಕೆ ಉಳಿಸಬೇಡಿ, ಊರು ತಲುಪಿದ ಮೊದಲ ಸಂಜೆಗೇ ಇಟ್ಟುಕೊಳ್ಳಿ. ಗೈಡ್ ತೋರಿಸಿದ ಅಂಗಡಿಗಳಿಗೆ ಉಳಿದ ದಿನಗಳಲ್ಲಿ ನೀವೇ ಹೋಗಿ ಉಣ್ಣಿ. ಎರಡನೆಯ ಸಲ ಹೋದಾಗ ಆ ಹಣ ನಡುವೆ ಯಾರ ಪಾಲಿಗೂ ಹೋಗದೆ ಅಡುಗೆ ಮಾಡಿದವರ ಕೈಗೇ ಸೇರುತ್ತದೆ.