ಆಶ್ರಮದಲ್ಲಿ ಅಜ್ಜ ಅಜ್ಜಿಯರು ಹೇಗಿರುತ್ತಾರೆ?

 

ಹೋದ ತಿಂಗಳು ನಮ್ಮ ಅಜ್ಜಿ ಮಂಡಿನೋವಿನಿಂದ ಮಲಗಿದ್ದಳು. ಅಪ್ಪ ಅಮ್ಮ ಗದ್ದೆಗೆ ಹೋಗುತ್ತಿದ್ದರು, ನಾನು ಶಾಲೆಗೆ. ಒಂದು ರಾತ್ರಿ ಅಜ್ಜಿ, “ನನ್ನ ಯಾವ್ದಾರ ಆಶ್ರಮಕ್ಕೆ ಬಿಟ್ ಬರ್ರಪ್ಪ” ಅಂದಳು. ಅಪ್ಪ ಊಟ ಬಿಟ್ಟು ಎದ್ದರು. ಆಶ್ರಮದಲ್ಲಿ ಹೇಗಿರುತ್ತಾರೆ ಅಂತ ನನಗೆ ಗೊತ್ತಿರಲಿಲ್ಲ. ಮೇಷ್ಟ್ರನ್ನು ಕೇಳಿ, ಓದಿ ತಿಳಿದುಕೊಂಡಿದ್ದನ್ನು ಇಲ್ಲಿ ಬರೆದಿದ್ದೇನೆ.

ಬೆಂಗಳೂರಿನ ಹೊಸೂರು ರಸ್ತೆಯಲ್ಲಿ ಬಡ ವೃದ್ಧರ ಮನೆಯೊಂದಿದೆ. ‘ಲಿಟ್ಲ್ ಸಿಸ್ಟರ್ಸ್ ಆಫ್ ದಿ ಪೂರ್’ ಎಂಬ ಕ್ರೈಸ್ತ ಸನ್ಯಾಸಿನಿಯರು ಇದನ್ನು 1900ರಲ್ಲಿ ಶುರು ಮಾಡಿದರು. ಈ ಸಂಸ್ಥೆ ಹುಟ್ಟಿದ್ದು ಫ್ರಾನ್ಸ್ ದೇಶದಲ್ಲಿ. ಅಲ್ಲಿ ಮನೆಗೆಲಸ ಮಾಡಿ ಬದುಕುತ್ತಿದ್ದ ಜೀನ್ ಜುಗಾನ್ ಎಂಬಾಕೆ 1839ರ ಚಳಿಗಾಲದಲ್ಲಿ ಕಣ್ಣು ಕಾಣದ ಮುದುಕಿಯೊಬ್ಬಳನ್ನು ಮನೆಗೆ ಕರೆತಂದು ತನ್ನ ಹಾಸಿಗೆಯನ್ನೇ ಕೊಟ್ಟಳು. ತಾನು ಅಟ್ಟದ ಮೇಲೆ ಮಲಗಿದಳು.

ಈ ಮನೆಗೆ ಸೇರಲು 60 ವರ್ಷ ದಾಟಿರಬೇಕು, ಬಡವರಾಗಿರಬೇಕು. ಜಾತಿ ಧರ್ಮದ ಭೇದವಿಲ್ಲ. ಹಾಗಾದರೆ ಖರ್ಚು ಹೇಗೆ? ನಮ್ಮ ಕಡೆ ಮಠದ ಸ್ವಾಮಿಗಳು ಜೋಳಿಗೆ ಹಿಡಿದು ಬರುತ್ತಾರಲ್ಲ, ಹಾಗೆಯೇ ಸಿಸ್ಟರ್‌ಗಳೂ ಜನರ ಹತ್ತಿರ ಹೋಗಿ ದವಸ, ತರಕಾರಿ, ಹಣ ಬೇಡಿ ತರುತ್ತಾರೆ.

ಅಲ್ಲಿ ಹೊತ್ತು ಹೊತ್ತಿಗೆ ಊಟ, ಔಷಧಿ, ಪ್ರಾರ್ಥನೆ ಇರುತ್ತದೆ. ಕೈಲಾದವರು ಸಣ್ಣಪುಟ್ಟ ಕೆಲಸ ಮಾಡುತ್ತಾರೆ. ಕೆಲಸ ಮಾಡಿದರೆ ‘ನಾನೂ ಬೇಕಾದವಳು’ ಅನ್ನಿಸುತ್ತದಂತೆ. ಯಾರಾದರೂ ಕೊನೆಗಾಲದಲ್ಲಿದ್ದರೆ ಸಿಸ್ಟರ್‌ಗಳು ಸರದಿ ಪ್ರಕಾರ ಹಗಲು ರಾತ್ರಿ ಪಕ್ಕದಲ್ಲೇ ಕೂರುತ್ತಾರೆ. ಯಾರೂ ಒಬ್ಬಂಟಿಯಾಗಿ ಸಾಯಬಾರದು ಅಂತ.

ಮಕ್ಕಳಿದ್ದೂ ನೋಡಿಕೊಳ್ಳದಿದ್ದರೆ ಏನು ಮಾಡಬೇಕು? ಅದಕ್ಕೆ 2007ರಲ್ಲಿ ಕಾನೂನು ಬಂದಿದೆ. ಹೆತ್ತವರು ಉಪವಿಭಾಗಾಧಿಕಾರಿಗಳಿಗೆ, ಅಂದರೆ ಎ.ಸಿ. ಸಾಹೇಬರಿಗೆ ಅರ್ಜಿ ಕೊಟ್ಟು ಮಕ್ಕಳಿಂದ ಜೀವನಾಂಶ ಕೇಳಬಹುದು. ಹಿರಿಯರ ಸಹಾಯವಾಣಿ 14567. ಇದಕ್ಕೆ ಫೋನ್ ಮಾಡಲು ದುಡ್ಡಿಲ್ಲ.

ಇದನ್ನೆಲ್ಲ ಅಜ್ಜಿಗೆ ಓದಿ ಹೇಳಿದೆ. ಅಜ್ಜಿ ಸುಮ್ಮನೆ ಕೇಳಿ, “ಉಣ್ಣಾಕೆ ನನಗೇನ್ ಕಮ್ಮಿ ಐತಿ? ಮಾತಾಡಾರು ಇಲ್ಲ, ಅಷ್ಟೆ” ಅಂದಳು. ಈಗ ನಾನು ಶಾಲೆ ಬಿಟ್ಟ ಮೇಲೆ ಆಡಲು ಹೋಗುವ ಮೊದಲು ಅಜ್ಜಿ ಹತ್ತಿರ ಕೂರುತ್ತೇನೆ. ಸೊಪ್ಪು ಬಿಡಿಸುವ ಕೆಲಸವನ್ನು ಅಮ್ಮ ಅಜ್ಜಿಗೇ ಕೊಟ್ಟಿದ್ದಾಳೆ. ಆಶ್ರಮದ ಮಾತು ಮತ್ತೆ ಬಂದಿಲ್ಲ.

ನಿಮ್ಮ ಓಣಿಯಲ್ಲೂ ಒಬ್ಬರೇ ಇರುವ ಹಿರಿಯರಿದ್ದರೆ ಇವತ್ತೇ ಹೋಗಿ ಮಾತಾಡಿಸಿ.

– 7ನೇ ತರಗತಿ ವಿದ್ಯಾರ್ಥಿನಿ, ಕುಕ್ಕುವಾಡ